ಗಾಜಿನ ತೊಟ್ಟಿಯ ಧನ್ವಂತರಿಗೆ ಅರ್ಪಿಸಿದ ಬಿನ್ನವತ್ತಳೆ

ಸನ್ಮಾನ್ಯರೇ,

ಮನೆಯ ಹಜಾರದಲ್ಲಿ, ಟೀವಿಗೂ ಶೋಕೇಸಿಗೂ ನಡುವೆ, ಎರಡಡಿ ಉದ್ದದ ಗಾಜಿನ ತೊಟ್ಟಿಯೊಂದನ್ನು ಪ್ರತಿಷ್ಠಾಪಿಸಿ, ಅದರೊಳಗೆ ಕಾಣಿಸಿಕೊಂಡ ಸಕಲ ರೋಗಗಳನ್ನೂ ಪುಸ್ತಕದ ಹಂಗಿಲ್ಲದೆ, ಪರೀಕ್ಷೆಯ ಗೊಡವೆಯಿಲ್ಲದೆ, ಕೇವಲ ಅಂತಃಕರಣದ ಬಲದಿಂದ ಗುರುತಿಸಿ, ಕೈಗೆ ಮೊದಲು ಸಿಕ್ಕ ಸೀಸೆಯಿಂದಲೇ ಉಪಚರಿಸಿ, ಒಂದೊಂದು ಮೀನಿನ ಕೊನೆಯ ಗಳಿಗೆಯವರೆಗೂ ಕದಲದೆ ನಿಂತು ಸೇವೆಗೈದ ತಮ್ಮ ಕೀರ್ತಿ ಈಗ ಬಡಾವಣೆಯ ಎಲ್ಲೆ ದಾಟಿ, ಅಲಂಕಾರಿಕ ಮೀನು ಮಾರುವ ಅಂಗಡಿಗಳ ಗಲ್ಲಾಪೆಟ್ಟಿಗೆಯವರೆಗೂ ಹಬ್ಬಿದೆ. ಗೋಲ್ಡ್ ಫಿಷ್ ಹತ್ತು ವರ್ಷಕ್ಕೂ ಮೀರಿ ಬದುಕಬಲ್ಲ ಮೀನು. ಅಷ್ಟು ದೀರ್ಘಕಾಲ ಅದೇ ಮುಖವನ್ನು ನೋಡುತ್ತ ಕೂರುವ ಜಡತೆ ನಾಡಿನ ಕೆಲವು ಮನೆಗಳನ್ನು ಆವರಿಸಿರುವುದು ನಿಜ. ತಮ್ಮ ತೊಟ್ಟಿಯಲ್ಲಾದರೋ ತಿಂಗಳಿಗೊಮ್ಮೆ ಹೊಸ ಮುಖ, ಹೊಸ ಬಣ್ಣ, ಹೊಸ ಹುರುಪು. ಇಂಥ ನಿತ್ಯನೂತನತೆಯನ್ನು ಸಾಧಿಸಿದ ತಮ್ಮ ಗುಣವಿಶೇಷಗಳನ್ನು, ನಮ್ಮ ಅಲ್ಪಮತಿಗೆ ಎಟುಕಿದಷ್ಟು ಮಟ್ಟಿಗೆ, ಈ ಬಿನ್ನವತ್ತಳೆಯಲ್ಲಿ ನಿವೇದಿಸಲು ಅಪ್ಪಣೆ ಬೇಡುತ್ತೇವೆ.

ಕ್ಷಿಪ್ರಕಾರ್ಯ ಧುರಂಧರರೇ,

ತಮ್ಮ ತೊಟ್ಟಿಯ ಶುಭಾರಂಭವನ್ನು ಕಂಡವರು ಇಂದಿಗೂ ಮರೆತಿಲ್ಲ. ಭಾನುವಾರ ಬೆಳಿಗ್ಗೆ ಶಿವಾಜಿನಗರದಿಂದ ತೊಟ್ಟಿ ಬಂತು. ಮಧ್ಯಾಹ್ನದ ಹೊತ್ತಿಗೆ ಬಣ್ಣದ ಜಲ್ಲಿ, ಹಿಂಬದಿಗೆ ಅಂಟಿಸುವ ಕಡಲಿನ ಚಿತ್ರ, ಬಾಯಿ ತೆರೆದು ಗುಳ್ಳೆ ಬಿಡುವ ಪ್ಲಾಸ್ಟಿಕ್ ಮೊಸಳೆ ಬಂದವು. ಗೋಧೂಳಿಗೆ ಸರಿಯಾಗಿ ನಾಲ್ಕು ಗೋಲ್ಡ್ ಫಿಷ್, ಆರು ಗಪ್ಪಿ, ಎರಡು ಏಂಜಲ್, ಒಂದು ಪುಟ್ಟ ಆಸ್ಕರ್ ಗೃಹಪ್ರವೇಶ ಮಾಡಿದವು. ಮೀನಿನ ಕಿವಿರಿನಿಂದಲೂ ಮಲದಿಂದಲೂ ತಿನ್ನದೆ ಉಳಿದ ಆಹಾರದಿಂದಲೂ ನೀರಿಗೆ ಅಮೋನಿಯಾ ಸೇರುತ್ತದೆ, ಅದನ್ನು ನೈಟ್ರೈಟ್ ಆಗಿಸುವ ಒಂದು ಬಗೆಯ ಬ್ಯಾಕ್ಟೀರಿಯಾವೂ ನೈಟ್ರೈಟನ್ನು ಅಷ್ಟೇನೂ ಕೇಡಲ್ಲದ ನೈಟ್ರೇಟ್ ಆಗಿಸುವ ಇನ್ನೊಂದು ಬಗೆಯೂ ಫಿಲ್ಟರಿನ ಸ್ಪಂಜಿನಲ್ಲಿ ನೆಲೆಯೂರಲು 4ರಿಂದ 6 ವಾರ ಬೇಕು, ಅಲ್ಲಿಯವರೆಗೆ ತಾಳ್ಮೆಯಿಂದಿರಬೇಕು ಎಂದು ಹೇಳುವ ಮಂದಗಾಮಿಗಳಿದ್ದಾರೆ. ಕಣ್ಣಿಗೆ ಕಾಣದ ಜೀವಿಗಳು ಬಂದು ಕೂರಲೆಂದು ಕಣ್ಣಿಗೆ ಕಾಣುವ ಮೀನುಗಳನ್ನು ಒಂದೂವರೆ ತಿಂಗಳು ಅಂಗಡಿಯಲ್ಲೇ ಕಾಯಿಸುವ ಕಲ್ಲೆದೆ ತಮ್ಮದಲ್ಲ. ನೀರು ಪರೀಕ್ಷಿಸುವ ಕಿಟ್ಟಿನ ಮಾತೆತ್ತಿದವರಿಗೆ ತಾವು ಕೊಟ್ಟ ಉತ್ತರವಂತೂ ಸುವರ್ಣಾಕ್ಷರಗಳಲ್ಲಿ ಕೆತ್ತಿಸತಕ್ಕದ್ದು: ಗಾಜಿನಾಚೆ ಗೋಡೆ ಸ್ಪಷ್ಟವಾಗಿ ಕಾಣುತ್ತಿದ್ದರೆ ನೀರು ಶುದ್ಧ. ಅಮೋನಿಯಾಕ್ಕೆ ಬಣ್ಣವಿಲ್ಲ, ನೈಟ್ರೈಟಿಗೂ ಇಲ್ಲ. ಬಣ್ಣವಿಲ್ಲದ್ದನ್ನು ಇಲ್ಲವೆಂದೇ ಭಾವಿಸುವ ಅದ್ವೈತದೃಷ್ಟಿ ಎಲ್ಲರಿಗೂ ಒಲಿಯುವಂಥದಲ್ಲ. ನೀರಿನ ಪಿಎಚ್ ಒಂದು ಅಂಶ ಏರಿದರೆ ಅಮೋನಿಯಾದ ವಿಷಭಾಗ ಸುಮಾರು ಹತ್ತು ಪಟ್ಟಾಗುತ್ತದೆಂಬ ಲೆಕ್ಕಾಚಾರ ತಮ್ಮ ನೆಮ್ಮದಿಯನ್ನು ಎಂದೂ ಕೆಡಿಸಿದ್ದಿಲ್ಲ.

ಬೆಳೆದರೆ ಒಂದಡಿ ಮುಟ್ಟುವ ಆಸ್ಕರನ್ನು ಗಪ್ಪಿಗಳ ಜೊತೆ ಸಹಬಾಳ್ವೆಗೆ ಬಿಟ್ಟ ತಮ್ಮ ದೂರದೃಷ್ಟಿಯನ್ನೂ ಇಲ್ಲಿಯೇ ಸ್ಮರಿಸಬೇಕು. ಅದರಿಂದಾಗಿ ಗಪ್ಪಿಗಳಿಗೆ ಮುಂದೆ ಬರಬಹುದಾಗಿದ್ದ ಸಕಲ ರೋಗಗಳೂ ಮೂಲದಲ್ಲೇ ನಿವಾರಣೆಯಾದವು. ಮುಂಜಾಗ್ರತೆಯ ಚಿಕಿತ್ಸೆಗೆ ಇಷ್ಟು ಪರಿಪೂರ್ಣವಾದ ಉದಾಹರಣೆ ವೈದ್ಯಶಾಸ್ತ್ರದಲ್ಲೇ ವಿರಳ.

ಸೂಕ್ಷ್ಮದರ್ಶಿಗಳೇ,

ಮೀನಿಗೆ ಮಾತಿಲ್ಲ, ಅದರ ಮೈ, ಅದರ ಉಸಿರು, ಅದರ ನಡೆಯೇ ಅದರ ಅಹವಾಲು. ಆ ಅಹವಾಲನ್ನು ಪ್ರೀತಿಯ ಸಂದೇಶವಾಗಿ ಓದಿಕೊಳ್ಳುವ ವಿದ್ಯೆ ತಮಗೆ ಹುಟ್ಟಿನಿಂದ ಬಂದದ್ದು. ತೊಟ್ಟಿ ಬಂದು ಒಂದು ವಾರ ಕಳೆಯುವಷ್ಟರಲ್ಲಿ ಮೀನುಗಳೆಲ್ಲ ಮೇಲಕ್ಕೆ ಬಂದು, ಬಾಯಿ ಅಗಲಿಸಿ, ಗುಟುಕು ಗುಟುಕಾಗಿ ಗಾಳಿ ನುಂಗತೊಡಗಿದಾಗ, ಅಮೋನಿಯಾ ಕಿವಿರನ್ನು ಸುಟ್ಟಿದೆಯೆ, ನೈಟ್ರೈಟ್ ಏರಿ ರಕ್ತವು ಆಮ್ಲಜನಕ ಹೊರಲಾರದೆ ಕಂದು ಬಣ್ಣಕ್ಕೆ ತಿರುಗಿದೆಯೆ ಎಂಬ ಒಣಪ್ರಶ್ನೆಗಳಿಗೆ ತಾವು ಇಳಿಯಲಿಲ್ಲ. "ನೋಡೇ ಇಲ್ಲಿ, ನನ್ನ ಕಂಡ್ರೆ ಎಷ್ಟು ಆಸೆ ಇವಕ್ಕೆ, ಊಟ ಕೇಳ್ತಾ ಇವೆ" ಎಂದು ಮನೆಯಾಕೆಯನ್ನು ಕರೆದು ತೋರಿಸಿ, ಕಣ್ಣಲ್ಲಿ ನೀರು ತಂದುಕೊಂಡು, ಇನ್ನೊಂದು ಹಿಡಿ ಆಹಾರ ಉದುರಿಸಿದಿರಿ. ಬೇಸಿಗೆಯಲ್ಲಿ ನೀರು ಬಿಸಿಯಾದಷ್ಟೂ ಅದರಲ್ಲಿ ಕರಗುವ ಆಮ್ಲಜನಕ ಇಳಿಯುತ್ತದೆ. 20 ಡಿಗ್ರಿಯಲ್ಲಿ ಲೀಟರಿಗೆ ಸುಮಾರು 9 ಮಿಲಿಗ್ರಾಂ ಇದ್ದದ್ದು 30 ಡಿಗ್ರಿಗೆ ಏಳೂವರೆಗೆ ಬರುತ್ತದೆ. ಅಂಥ ಏಪ್ರಿಲ್ ತಿಂಗಳ ರಾತ್ರಿಗಳಲ್ಲಿ ಏರ್ ಪಂಪಿನ ಗುರ್ ಸದ್ದಿನಿಂದ ಮೀನುಗಳ ನಿದ್ದೆಗೆ ಭಂಗವಾದೀತೆಂದು ಮಲಗುವ ಮುನ್ನ ತಪ್ಪದೆ ಸ್ವಿಚ್ ಆರಿಸಿದ ತಮ್ಮ ಮಾತೃಹೃದಯಕ್ಕೆ ಎಣೆಯೆಲ್ಲಿ?

ಜಲ್ಲಿಗೂ ಪ್ಲಾಸ್ಟಿಕ್ ಮೊಸಳೆಗೂ ಮೀನು ಗಡಬಡಿಸಿ ಮೈ ಉಜ್ಜಿಕೊಂಡಾಗ ಚರ್ಮದಲ್ಲಿ ಪರಾವಲಂಬಿ ಹೊಕ್ಕ ಸೂಚನೆಯೆಂದು ಶಂಕಿಸದೆ ಬಾಲಲೀಲೆಯೆಂದು ಆನಂದಿಸಿದಿರಿ. ಈಜುರೆಕ್ಕೆಗಳನ್ನು ಮೈಗೆ ಅಂಟಿಸಿಕೊಂಡು ಮೂಲೆಯಲ್ಲಿ ಕದಲದೆ ನಿಂತದ್ದನ್ನು ವಿನಯವೆಂದು ಮೆಚ್ಚಿದಿರಿ. ಹಾರ್ಲಿಕ್ಸ್ ಬಾಟಲಿಯಲ್ಲಿ ತಾವು ಪ್ರತ್ಯೇಕವಾಗಿ ನೆಲೆಗೊಳಿಸಿದ ಫೈಟರ್ ಮೀನಿನ ಬಾಲದಂಚು ಬಿಳಿಚಿ, ದಿನದಿಂದ ದಿನಕ್ಕೆ ಸವೆದು ಚಿಂದಿಯಾದಾಗ, ಕೊಳೆತ ನೀರಿನಲ್ಲಿ ಬ್ಯಾಕ್ಟೀರಿಯಾ ತಿನ್ನುತ್ತಿರುವ ಫಿನ್ ರಾಟ್ ಅದು, ಅದಕ್ಕೆ ಮೊದಲ ಮದ್ದು ಶುದ್ಧ ನೀರು ಎಂದ ಪಕ್ಕದ ಮನೆಯ ಹುಡುಗನಿಗೆ, ಇದು ಹೊಸ ತಳಿಯ ಬಾಲ ಎಂದು ಸಮಾಧಾನ ಹೇಳಿ ಕಳಿಸಿದಿರಿ. ಮತ್ತೊಂದು ಮೀನಿನ ಮೈಮೇಲೆ ಹೊಂಬಣ್ಣದ ಸಣ್ಣ ಧೂಳು ಕೂತು, ಟಾರ್ಚನ್ನು ಓರೆಯಾಗಿ ಹಿಡಿದಾಗ ಮಿನುಗಿತು. ವೆಲ್ವೆಟ್ ರೋಗವೆಂದರೆ ಅದೇ. ಅದರ ಪರಾವಲಂಬಿಗೆ ಬೆಳಕಿನಿಂದ ಆಹಾರ ತಯಾರಿಸಿಕೊಳ್ಳುವ ಶಕ್ತಿಯಿರುವುದರಿಂದ, ಬಲ್ಲವರು ಔಷಧದ ಜೊತೆಗೆ ತೊಟ್ಟಿಯ ದೀಪವನ್ನೂ ಆರಿಸಿ ಕತ್ತಲು ಮಾಡುತ್ತಾರಂತೆ. ಲಕ್ಷ್ಮಿಯೇ ಮೀನಿನ ರೂಪದಲ್ಲಿ ಬಂದಿರುವಾಗ ಕತ್ತಲಲ್ಲಿ ಕೂರಿಸುವ ಅಪಚಾರ ತಮ್ಮಿಂದಾಗಲಿಲ್ಲ. ಅಂದು ಸಂಜೆಯೇ ಇಮ್ಮಡಿ ಪ್ರಕಾಶದ ಎಲ್‌ಇಡಿ ದೀಪ ಹಾಕಿಸಿ, ನೆಂಟರಿಷ್ಟರನ್ನು ದರ್ಶನಕ್ಕೆ ಆಹ್ವಾನಿಸಿದಿರಿ.

ಇವೆಲ್ಲಕ್ಕೂ ಕಳಶವಿಟ್ಟದ್ದು ಆ ದೊಡ್ಡ ಗೋಲ್ಡ್ ಫಿಷ್ಷಿನ ಪ್ರಸಂಗ. ಅದರ ಹೊಟ್ಟೆ ಉಬ್ಬಿ, ಮೈಯ ಹುರುಪೆಗಳೆಲ್ಲ ಹಲಸಿನ ಕಾಯಿಯ ಮುಳ್ಳಿನ ಹಾಗೆ ನೆಟ್ಟಗೆದ್ದು ನಿಂತವು. ಮೀನಿನ ಮೂತ್ರಪಿಂಡ ಸೋತು, ಒಡಲಲ್ಲಿ ನೀರು ತುಂಬಿ, ಹುರುಪೆಗಳು ಎದ್ದು ನಿಲ್ಲುವ ಈ ಸ್ಥಿತಿಗೆ ಡ್ರಾಪ್ಸಿ ಎನ್ನುತ್ತಾರೆ. ಅದು ಸ್ವತಃ ರೋಗವಲ್ಲ, ಒಳಗೆ ಬಹಳ ದಿನದಿಂದ ನಡೆದ ರೋಗದ ಕೊನೆಯ ಲಕ್ಷಣ, ಅಷ್ಟು ಹೊತ್ತಿಗೆ ಉಳಿಯುವ ಮೀನು ಕಡಿಮೆ. ತಾವು ಅದನ್ನು ಬಸುರಿ ಎಂದು ಸಾರಿದಿರಿ. ಉಬ್ಬಿದ್ದು ಗಂಡು ಮೀನೆಂದು ಅಂಗಡಿಯವನು ಫೋನಿನಲ್ಲಿ ತಿಳಿಸಿದ ಮೇಲೂ ತಮ್ಮ ಸಂಭ್ರಮ ಎಳ್ಳಷ್ಟೂ ತಗ್ಗಲಿಲ್ಲ. ಮರಿಗಳಿಗೆಂದು ತಾವು ಮುಂಗಡವಾಗಿ ಕೊಂಡ ಆಹಾರದ ಪೊಟ್ಟಣ ಇಂದಿಗೂ ತೆರೆಯದೆ ಉಳಿದಿರುವುದು ತಮ್ಮ ಅಚಲ ಆಶಾವಾದಕ್ಕೆ ಸಾಕ್ಷಿ.

ಅತಿಥಿಸತ್ಕಾರ ಪರಾಯಣರೇ,

ಚೆನ್ನೈಯ ಕೊಳತ್ತೂರಿನಂಥ ಕಡೆಗಳಲ್ಲಿ ಹುಟ್ಟಿ ಬೆಳೆದು, ಆಮ್ಲಜನಕ ತುಂಬಿದ ಪಾಲಿಥೀನ್ ಚೀಲದಲ್ಲಿ ಒತ್ತೊತ್ತಾಗಿ ರಾತ್ರಿಯಿಡೀ ಪಯಣಿಸಿ, ಅಂಗಡಿಯ ತೊಟ್ಟಿಯಲ್ಲಿ ಹತ್ತೂರಿನ ಮೀನುಗಳ ಜೊತೆ ಮೈಯೊರಗಿಸಿ, ಬಳಲಿ ಬೆಂಡಾಗಿ ಬಂದ ಹೊಸ ಮೀನನ್ನು ಎರಡರಿಂದ ನಾಲ್ಕು ವಾರ ಬೇರೆ ತೊಟ್ಟಿಯಲ್ಲಿ ಇಟ್ಟು ನೋಡಬೇಕು ಎಂಬ ಕಟ್ಟಳೆಯೊಂದಿದೆ. ಕ್ವಾರಂಟೈನ್ ಎಂಬ ಆ ಅನಾಗರಿಕ ಪದ್ಧತಿಯನ್ನು ತಾವು ಹೊಸ್ತಿಲೊಳಗೆ ಬಿಟ್ಟುಕೊಂಡವರಲ್ಲ. ಮನೆಗೆ ಬಂದವರನ್ನು ಹೊರಜಗಲಿಯಲ್ಲಿ ಕೂರಿಸುವುದು ನಮ್ಮ ಸಂಸ್ಕೃತಿಯಲ್ಲ ಎಂದಿರಿ. ಚೀಲವನ್ನು ಕಾಲು ಗಂಟೆ ತೊಟ್ಟಿಯಲ್ಲಿ ತೇಲಿಸಿ, ಒಳಗಿನ ನೀರಿನ ಬಿಸಿಯೂ ಹೊರಗಿನದೂ ಸಮವಾದ ಮೇಲೆ ಮೀನನ್ನು ಮಾತ್ರ ಬಲೆಯಲ್ಲಿ ಎತ್ತಿ ಬಿಡುವ ಮರ್ಯಾದಸ್ಥ ನಿಧಾನವೂ ತಮಗೆ ಸಲ್ಲದು. ಚೀಲದ ಬಾಯಿಗೆ ಹಾಕಿದ ರಬ್ಬರು ಬಿಚ್ಚಿದೊಡನೆ, ಮೀನು, ಚೀಲದ ನೀರು, ಆ ನೀರಿನಲ್ಲಿ ಜೊತೆಗೆ ಬಂದ ಪರಿವಾರ, ಎಲ್ಲವನ್ನೂ ಯಾವ ಪಂಕ್ತಿಭೇದವೂ ಇಲ್ಲದೆ ಒಟ್ಟಿಗೇ ಸುರಿದು ಬರಮಾಡಿಕೊಂಡಿರಿ. ಲಂಗರುಹುಳುವಿನಂಥ ವಿರಳ ಅತಿಥಿಗಳೂ, ಮೀನಿನ ಮೈಗೆ ಅಂಟಿ ರಕ್ತ ಹೀರುವ ಮೀನುಹೇನುಗಳೂ ತಮ್ಮ ಮನೆಯ ಹಜಾರದಲ್ಲಿ ದರ್ಶನ ಕೊಟ್ಟದ್ದು ಈ ಔದಾರ್ಯದ ಫಲವಾಗಿಯೇ. ಒಂದು ಮೀನು ತಂದ ರೋಗವನ್ನು ಹನ್ನೆರಡು ಮೀನುಗಳು ಸಮನಾಗಿ ಹಂಚಿಕೊಂಡದ್ದನ್ನು ಕಂಡಾಗ, ಕೂಡಿ ಬಾಳುವುದು ಎಂದರೇನೆಂದು ನಮಗೆ ಮೊದಲ ಬಾರಿ ಅರ್ಥವಾಯಿತು.

ದಯಾಸಾಗರರೇ,

ಬಿಳಿ ಚುಕ್ಕೆ ರೋಗದ ಸಂದರ್ಭದಲ್ಲಿ ತಾವು ಮೆರೆದ ಭೂತದಯೆಯನ್ನು ಬಣ್ಣಿಸಲು ಪದಗಳು ಸಾಲವು. ಅಂಗಡಿಯವರು ಇಕ್ ಎಂದೂ ವೈಟ್ ಸ್ಪಾಟ್ ಎಂದೂ ಕರೆಯುವ ಈ ರೋಗ ಬರುವುದು ಇಕ್ತಿಯೋಫ್ತಿರಿಯಸ್ ಮಲ್ಟಿಫಿಲಿಯಿಸ್ ಎಂಬ, 1876ರಿಂದಲೇ ಶಾಸ್ತ್ರಕ್ಕೆ ಪರಿಚಿತವಾದ ಏಕಕೋಶಜೀವಿಯಿಂದ. ಅದು ಮೀನಿನ ಚರ್ಮದ ಪದರದಡಿ ಹೊಕ್ಕು, ಉಂಡು ಬೆಳೆದು, ಒಂದು ಮಿಲಿಮೀಟರಿನೊಳಗಿನ ಬಿಳಿ ಚುಕ್ಕೆಯಾಗಿ ಕಾಣಿಸಿಕೊಂಡಿರುವಷ್ಟು ಕಾಲ ನೀರಿಗೆ ಹಾಕಿದ ಔಷಧ ಅದನ್ನು ತಾಗದು. ಹೊಟ್ಟೆ ತುಂಬಿದ ಮೇಲೆ ತಾನೇ ಕಳಚಿ, ತಳಕ್ಕಿಳಿದು, ಜಲ್ಲಿಗೆ ಅಂಟಿಕೊಂಡು, ಸುತ್ತ ಕೋಶ ಕಟ್ಟಿ, ಒಳಗೊಳಗೇ ಒಡೆದು ನೂರಾರು ಮರಿಗಳಾಗಿ ಹೊರಬೀಳುತ್ತದೆ. ಈ ಮರಿಗಳು ಎರಡು ದಿನದ ಆಸುಪಾಸಿನಲ್ಲಿ ಮೀನೊಂದನ್ನು ಹಿಡಿಯದಿದ್ದರೆ ಸತ್ತುಹೋಗುತ್ತವೆ; ಔಷಧ ಕೊಲ್ಲುವುದೂ ಈಜಾಡುವ ಈ ಮರಿಗಳನ್ನು ಮಾತ್ರ. ನೀರು 25 ಡಿಗ್ರಿಯ ಸುತ್ತಮುತ್ತ ಇದ್ದರೆ ಈ ಚಕ್ರ ವಾರದೊಳಗೆ ಒಂದು ಸುತ್ತು ತಿರುಗುತ್ತದೆ, ತಣ್ಣಗಿದ್ದರೆ ವಾರಗಟ್ಟಲೆ ಎಳೆಯುತ್ತದೆ. ಇದನ್ನೆಲ್ಲ ತಿಳಿದ ಕಠಿಣಹೃದಯಿಗಳು ನೀರಿನ ಉಷ್ಣತೆಯನ್ನು ಮೆಲ್ಲಗೆ 28ರಿಂದ 30 ಡಿಗ್ರಿಗೆ ಏರಿಸಿ, ಗಾಳಿಯ ಗುಳ್ಳೆ ಹೆಚ್ಚಿಸಿ, ತಳದ ಕಸವನ್ನು ಪೈಪಿನಿಂದ ಹೀರಿ ತೆಗೆದು, ಕೊನೆಯ ಚುಕ್ಕೆ ಮಾಯವಾದ ಮೇಲೂ ಹಲವು ದಿನ ಔಷಧ ಬಿಡದೆ, ಆ ಎಳೆಯ ಮರಿಗಳ ವಂಶವನ್ನೇ ನಿರ್ನಾಮ ಮಾಡಿ ಹೆಮ್ಮೆಪಡುತ್ತಾರೆ.

ತಾವೋ, ಮೂರನೆಯ ದಿನ ಚುಕ್ಕೆಗಳು ಉದುರಿದ್ದನ್ನು ಕಂಡೊಡನೆ ರೋಗ ವಾಸಿಯಾಯಿತೆಂದು ಸಾರಿ, ಸೀಸೆಯ ಮುಚ್ಚಳ ಬಿಗಿದು, ಹೀಟರನ್ನು ಕಿತ್ತು ಅಟ್ಟಕ್ಕೆ ಹಾಕಿ, ಬಡಾವಣೆಗೆಲ್ಲ ಪೇಡ ಹಂಚಿದಿರಿ. ತಳದಲ್ಲಿ ಹೆರಿಗೆಯ ಹೊಸ್ತಿಲಲ್ಲಿದ್ದ ಜೀವಗಳಿಗೆ ತಾವು ಕೊಟ್ಟ ಅಭಯವದು. ಮುಂದಿನ ವಾರ, ಒಂದು ಚುಕ್ಕೆಯಿದ್ದಲ್ಲಿ ನೂರು ಮೂಡಿ, ಮೀನಿನ ಕಣ್ಣು ಕಿವಿರುಗಳನ್ನೂ ಬಿಡದೆ ಆವರಿಸಿಕೊಂಡಾಗ, ಮರಳಿ ಪೂರ್ಣ ಉತ್ಸಾಹದಿಂದ ಸೀಸೆಯ ಮುಚ್ಚಳ ತೆಗೆದು, ಮತ್ತೆ ಮೂರನೆಯ ದಿನಕ್ಕೆ ಮುಚ್ಚಿದಿರಿ. ಕೊಂದವರನ್ನು ಇತಿಹಾಸ ಮರೆಯುತ್ತದೆ. ಎರಡೂ ಪಕ್ಷಗಳಿಗೆ ಸರದಿಯ ಮೇಲೆ ಅವಕಾಶ ಕೊಟ್ಟ ಧರ್ಮಿಷ್ಠರನ್ನು ಮರೆಯಲಾರದು.

ಭೇಷಜ ಚಕ್ರವರ್ತಿಗಳೇ,

ತಮ್ಮ ಔಷಧ ಭಂಡಾರದ ಎದುರು ನಿಂತಾಗ ಯಾರಿಗೂ ಕೈಮುಗಿಯಬೇಕೆನಿಸುತ್ತದೆ. ನೀಲಿ ಸೀಸೆ, ಹಸಿರು ಸೀಸೆ, ಹಳದಿ ಪುಡಿ, ತಾಮ್ರದ ದ್ರಾವಣ, ಹಿಂದಿನ ವರ್ಷದ ಜ್ವರಕ್ಕೆ ತಂದು ಉಳಿದ ಕ್ಯಾಪ್ಸೂಲು. ಯಾವ ರೋಗಕ್ಕೆ ಯಾವುದು ಎಂಬ ಸಂಕುಚಿತ ವಿಂಗಡಣೆಗೆ ಅಲ್ಲಿ ಎಡೆಯಿಲ್ಲ. ಗಾಯದ ಮೇಲೆ ಬೆಳ್ಳನೆಯ ಎಳೆಗಳಾಗಿ ಏಳುವುದು ಸಾಪ್ರೊಲೆಗ್ನಿಯಾ ಎಂಬ ಬೂಷ್ಟು. ಬಾಯಂಚಿನಲ್ಲೂ ಬೆನ್ನ ಮೇಲೂ ಬೂದುಬಿಳಿ ಪಟ್ಟೆಯಾಗಿ ಹಬ್ಬಿ ಒಂದೆರಡು ದಿನದಲ್ಲೇ ಮುಗಿಸಿಬಿಡಬಲ್ಲದ್ದು ಕಾಲಮ್ನಾರಿಸ್ ಎಂಬ ಬ್ಯಾಕ್ಟೀರಿಯಾ ರೋಗ. ಬೂಷ್ಟಿನ ಮದ್ದು ಬ್ಯಾಕ್ಟೀರಿಯಾಕ್ಕೆ ಒದಗದು. ಇಕ್ ರೋಗ ಕಳೆಯಲು ನೆರವಾಗುವ ಬಿಸಿನೀರು ಕಾಲಮ್ನಾರಿಸ್‌ಗೆ ಹಬ್ಬದೂಟ. ಈ ಭೇದಭಾವವನ್ನೆಲ್ಲ ತೊಡೆದುಹಾಕಿ, ಬಿಳಿಯದೆಲ್ಲ ಒಂದೇ ಎಂಬ ಸಮದೃಷ್ಟಿಯಿಂದ ಎಲ್ಲಕ್ಕೂ ಒಂದೇ ನೀಲಿ ಸೀಸೆ ಬಗ್ಗಿಸಿದವರು ತಾವು.

ಪ್ರಮಾಣದ ವಿಷಯದಲ್ಲೂ ತಮ್ಮದು ರಾಜಹಸ್ತ. ಉದ್ದ, ಅಗಲ, ನೀರಿನ ಎತ್ತರಗಳನ್ನು ಸೆಂಟಿಮೀಟರಿನಲ್ಲಿ ಗುಣಿಸಿ ಸಾವಿರದಿಂದ ಭಾಗಿಸಿದರೆ ಲೀಟರ್ ಸಿಗುತ್ತದೆ; 60, 30, 35 ಎಂದರೆ 63 ಲೀಟರು, ಜಲ್ಲಿಯ ಪಾಲು ಕಳೆದರೆ ಇನ್ನೂ ಕಡಿಮೆ. ಹಾಗೆ ಲೆಕ್ಕ ಹಾಕಿ ಹನಿ ಎಣಿಸುವುದು ಜಿಪುಣರ ಕೆಲಸ. "ಎರಡು ಮುಚ್ಚಳ ಹಾಕಿ ಸಾರ್, ಸರಿ ಹೋಗುತ್ತೆ" ಎಂದ ಅಂಗಡಿಯವನ ಮಾತಿಗೆ ತಾವು ನಾಲ್ಕು ಮುಚ್ಚಳದ ಗೌರವ ಸಲ್ಲಿಸಿದಿರಿ. ಮೆಥಿಲೀನ್ ಬ್ಲೂ ತೊಟ್ಟಿಯ ಸಿಲಿಕಾನ್ ಅಂಟನ್ನೂ, ತಮ್ಮ ಬೆರಳುಗಳನ್ನೂ, ಹಜಾರದ ಬಿಳಿ ಟೈಲ್ಸನ್ನೂ ನೀಲಮಯ ಮಾಡಿತು. ಫಿಲ್ಟರಿನಲ್ಲಿ ಆಗಷ್ಟೇ ನೆಲೆಯೂರುತ್ತಿದ್ದ ಉಪಕಾರಿ ಬ್ಯಾಕ್ಟೀರಿಯಾಗಳನ್ನು ನೆಲೆಯಿಂದ ಎಬ್ಬಿಸಿತು. ಅಮೋನಿಯಾ ಮತ್ತೆ ಏರಿತು. ಏರಿದ ಅಮೋನಿಯಾಕ್ಕೆ ಮತ್ತೊಂದು ಸೀಸೆ ಬಂತು. ತಾಮ್ರದ ದ್ರಾವಣ ಬಿದ್ದ ದಿನವೇ ಮಗಳ ಪ್ರೀತಿಯ ಶಂಖಹುಳಗಳು ಮುಕ್ತಿ ಪಡೆದವು. ಟೆಟ್ರಾಸೈಕ್ಲಿನ್ ಕ್ಯಾಪ್ಸೂಲನ್ನು ತಾವು ಗಡಸಾದ ಬೋರ್‌ವೆಲ್ ನೀರಿನಲ್ಲಿ ಕರಗಿಸಿದಾಗ, ನೀರಿನ ಕ್ಯಾಲ್ಸಿಯಂ ಅದನ್ನು ಅಲ್ಲೇ ಅಪ್ಪಿಕೊಂಡು ಕೈಕಾಲು ಕಟ್ಟಿತು. ಮೀನಿಗೆ ಮದ್ದು ತಟ್ಟದಿದ್ದರೂ ಅರೆಬರೆ ಪ್ರಮಾಣದಲ್ಲಿ ಉಳಿದ ಬ್ಯಾಕ್ಟೀರಿಯಾಗಳಿಗೆ ಅದನ್ನು ಸಹಿಸುವ ವಿದ್ಯಾಭ್ಯಾಸವಾಯಿತು. ಇಷ್ಟರ ನಡುವೆಯೂ ಫಿಲ್ಟರಿನೊಳಗಿನ ಇದ್ದಿಲನ್ನು ತಾವು ತೆಗೆಯಲಿಲ್ಲ. ಸುರಿದ ಔಷಧವನ್ನು ಅದು ಒಂದು ಕಡೆಯಿಂದ ಹೀರುತ್ತಿರಲು, ತಾವು ಇನ್ನೊಂದು ಕಡೆಯಿಂದ ಸುರಿಯುತ್ತಲೇ ಇದ್ದಿರಿ. ಕೊಡುಗೈಗೂ ಇದ್ದಿಲಿಗೂ ನಡೆದ ಆ ಸ್ಪರ್ಧೆಯಲ್ಲಿ ಗೆದ್ದದ್ದು ಅಂಗಡಿಯವನು ಎಂಬ ಕೊಂಕುಮಾತಿಗೆ ತಾವು ಕಿವಿಗೊಡಲಿಲ್ಲ.

ಲೀಟರಿಗೆ 1ರಿಂದ 3 ಗ್ರಾಂ ಉಪ್ಪು, ಒಂದಿಷ್ಟು ಶುದ್ಧ ನೀರು, ಒಂದಿಷ್ಟು ತಾಳ್ಮೆ ಇಷ್ಟರಿಂದಲೇ ಎಷ್ಟೋ ತೊಂದರೆ ಹಗುರಾಗುತ್ತದೆ, ನೀರಿಗೆ ಸೇರಿದ ಉಪ್ಪಿನ ಕ್ಲೋರೈಡ್ ಅಂಶ ನೈಟ್ರೈಟ್ ಮೀನಿನ ರಕ್ತಕ್ಕೆ ಇಳಿಯದಂತೆ ತಡೆಯುತ್ತದೆ ಎಂದು ಅನುಭವಸ್ಥರು ಹೇಳಿದ್ದುಂಟು. ಅಡುಗೆಮನೆಯ ಡಬ್ಬದಲ್ಲಿರುವ ವಸ್ತುವಿನಿಂದ ಗುಣವಾಗುವ ರೋಗವು ತಮ್ಮ ಅಂತಸ್ತಿನ ಮನೆಗೆ ಬರುವಂಥದಲ್ಲ.

ಅನ್ನದಾತರೇ, ಶುಚಿವ್ರತರೇ,

ಗೋಲ್ಡ್ ಫಿಷ್ಷಿಗೆ ಜಠರವೇ ಇಲ್ಲ. ತಿಂದದ್ದು ನೇರ ಕರುಳಿಗೆ. ಅದಕ್ಕೆಂದೇ ಒಂದೆರಡು ನಿಮಿಷದಲ್ಲಿ ತಿಂದು ಮುಗಿಸುವಷ್ಟು ಮಾತ್ರ ಹಾಕಬೇಕಂತೆ. ಬೆಳಿಗ್ಗೆ ತಾವು, ಮಧ್ಯಾಹ್ನ ಮನೆಯಾಕೆ, ಸಂಜೆ ಮಕ್ಕಳು, ನಡುನಡುವೆ ಬಂದವರೆಲ್ಲ ಒಂದೊಂದು ಚಿಟಿಕೆ, ಹಬ್ಬದ ದಿನ ಚಿತ್ರಾನ್ನದ ಎರಡಗುಳು: ತಮ್ಮ ತೊಟ್ಟಿಯ ದಾಸೋಹ ನಿಂತ ದಿನವಿಲ್ಲ. ಹೊಟ್ಟೆಯುಬ್ಬರಕ್ಕೆ ತೇಲುಚೀಲದ ಹತೋಟಿ ತಪ್ಪಿ ಮೀನು ತಲೆಕೆಳಗಾಗಿ ತೇಲಿದಾಗ, ಎರಡು ಮೂರು ದಿನ ಉಪವಾಸ ಕೆಡವಿ, ಬೇಯಿಸಿ ಸಿಪ್ಪೆ ಸುಲಿದ ಬಟಾಣಿ ಕೊಟ್ಟು ನೋಡಿರೆಂದ ಸಲಹೆಯನ್ನು ಕೇಳಿ ತಾವು ನೊಂದುಕೊಂಡಿರಿ. ಕಾಯಿಲೆಯವರನ್ನು ಉಪವಾಸ ಕೆಡವುವುದುಂಟೆ? ಶಕ್ತಿ ಬರಲೆಂದು ಆಹಾರವನ್ನು ಇಮ್ಮಡಿಗೊಳಿಸಿದಿರಿ.

ಅನ್ನದಾನದ ಪರಿಣಾಮವಾಗಿ ನೀರು ಕದಡಿದಾಗ ತಾವು ಆಚರಿಸಿದ ಮಡಿಯಂತೂ ನೋಡತಕ್ಕದ್ದು. ವಾರಕ್ಕೆ ಕಾಲು ಭಾಗ ನೀರು ಬದಲಿಸಿ, ಫಿಲ್ಟರಿನ ಸ್ಪಂಜನ್ನು ತೊಟ್ಟಿಯಿಂದಲೇ ತೆಗೆದ ನೀರಿನಲ್ಲಿ ಹಿಂಡಿ ಹಾಕುವ ಅರೆಶುದ್ಧಿ ತಮಗೆ ಹಿಡಿಸದು. ತಿಂಗಳುಗಟ್ಟಲೆ ಮುಟ್ಟದೆ ಬಿಟ್ಟು, ಒಂದು ಶುಭದಿನ ಮೀನುಗಳನ್ನೆಲ್ಲ ಬಕೆಟ್ಟಿಗೆ ವರ್ಗಾಯಿಸಿ, ತೊಟ್ಟಿ, ಜಲ್ಲಿ, ಸ್ಪಂಜು, ಮೊಸಳೆ ಸಮೇತ ಸೋಪಿನ ಪುಡಿ ಹಾಕಿ ತಿಕ್ಕಿ, ಉಪಕಾರಿ ಬ್ಯಾಕ್ಟೀರಿಯಾದ ಸುಳಿವೂ ಉಳಿಯದಂತೆ ತೊಳೆದು, ಹೊಳೆಯುವ ಗಾಜಿಗೆ ಕಾವೇರಿ ನಲ್ಲಿಯ ಕ್ಲೋರಿನ್ ನೀರನ್ನು ನೇರವಾಗಿ ತುಂಬಿಸಿದಿರಿ. ಒಂದು ದಿನ ಹಿಡಿದಿಟ್ಟ ನೀರು ಹಾಕಿ, ಇಲ್ಲವೆ ಥಯೋಸಲ್ಫೇಟ್ ಹರಳು ಬೆರೆಸಿ ಕ್ಲೋರಿನ್ ಕಳೆಯಿರಿ ಎನ್ನುವವರಿಗೆ ಕಾವೇರಿಯ ಪಾವಿತ್ರ್ಯದಲ್ಲಿ ನಂಬಿಕೆ ಸಾಲದು. ಮನುಷ್ಯರು ಕುಡಿಯುವ ನೀರು ಮೀನಿನ ಕಿವಿರಿಗೆ ಉರಿಯಾಗುವುದಾದರೆ, ಅದು ಮೀನಿನ ಸಂಸ್ಕಾರದ ಕೊರತೆಯೇ ಹೊರತು ತಮ್ಮದಲ್ಲ.

ಸ್ಥಿತಪ್ರಜ್ಞರೇ,

ಇಷ್ಟೆಲ್ಲ ಶುಶ್ರೂಷೆಯ ನಂತರವೂ ಮೀನು ಹೊರಟುನಿಂತರೆ, ತಮ್ಮ ಸಮಚಿತ್ತ ಕದಲುವುದಿಲ್ಲ. ವಾಸ್ತು ಬಲ್ಲವರೊಬ್ಬರು ಎಂಟು ಬಂಗಾರದ ಬಣ್ಣದವು, ಒಂದು ಕಪ್ಪು, ಹೀಗೆ ಒಂಬತ್ತು ಗೋಲ್ಡ್ ಫಿಷ್ ಇರಲೆಂದರು. ಅರವತ್ತು ಲೀಟರು ನೀರು ಒಂಬತ್ತಕ್ಕೆ ಸಾಕೆ ಎಂದು ಅವರೂ ಹೇಳಲಿಲ್ಲ, ತಾವೂ ಕೇಳಲಿಲ್ಲ. ಮನೆಗೆ ಬರಲಿದ್ದ ಕೇಡನ್ನು ಮೀನು ತಾನು ಹೊತ್ತುಕೊಂಡು ಸಾಯುತ್ತದೆಂಬ ಅವರ ಮಾತು ತಮ್ಮ ವೈದ್ಯಕೀಯಕ್ಕೆ ಭದ್ರ ತಳಪಾಯವಾಯಿತು. ಬದುಕಿದರೆ ಔಷಧದ ಮಹಿಮೆ, ಸತ್ತರೆ ದೃಷ್ಟಿ ನಿವಾರಣೆ. ಸೋಲೆಂಬುದೇ ಇಲ್ಲದ ಇಂಥ ಚಿಕಿತ್ಸಾಪದ್ಧತಿಯನ್ನು ಮನುಷ್ಯರ ಆಸ್ಪತ್ರೆಗಳು ಇನ್ನೂ ಕಂಡುಕೊಂಡಿಲ್ಲ. ಹೋದ ವರ್ಷ ತಮ್ಮ ಮನೆಯಿಂದ ತೊಲಗಿದ ಕೇಡುಗಳನ್ನು ಎಣಿಸಿದರೆ, ಬಡಾವಣೆಯಲ್ಲಿ ತಮ್ಮಷ್ಟು ಸುರಕ್ಷಿತವಾದ ಕುಟುಂಬ ಇನ್ನೊಂದಿಲ್ಲ.

ತಮ್ಮ ಸಕಲ ಔಷಧಗಳನ್ನೂ ಜೀರ್ಣಿಸಿಕೊಂಡು ಉಳಿದದ್ದು ಒಂದೇ ಒಂದು ಸಕ್ಕರ್ ಮೀನು. ಗಾಜು ಶುಚಿ ಮಾಡಲೆಂದು ಬೆರಳುದ್ದ ಇದ್ದಾಗ ತಂದ ಅದು ಮೊಳದುದ್ದವಾದಾಗ, ತಾವು ಅದನ್ನು ಕೊಲ್ಲದೆ, ಯಾರಿಗೂ ಕೊಡದೆ, ಹತ್ತಿರದ ಕೆರೆಗೆ ಬಿಟ್ಟು ಜೀವದಾನ ಮಾಡಿದಿರಿ. ದಕ್ಷಿಣ ಅಮೆರಿಕದ ಮೂಲದ ಈ ಮೀನು ಇಂದು ನಮ್ಮ ದೇಶದ ಎಷ್ಟೋ ಕೆರೆಹೊಳೆಗಳಲ್ಲಿ ವಂಶ ಬೆಳೆಸಿ, ಊರಿನ ಮೀನುಗಳ ಮೇವಿನಲ್ಲಿ ಪಾಲು ಕೇಳಿ, ಮುಳ್ಳುರೆಕ್ಕೆಯಿಂದ ಬೆಸ್ತರ ಬಲೆ ಹರಿಯುತ್ತಿದೆಯೆಂದರೆ, ಅದರ ಹಿಂದೆ ತಮ್ಮಂಥ ಎಷ್ಟು ಜೀವದಾನಿಗಳ ಸದ್ದಿಲ್ಲದ ಸೇವೆಯಿರಬೇಡ! ತೊಟ್ಟಿಯಲ್ಲಿ ತಾವು ಪೋಷಿಸಿದ ರೋಗಗಳಿಗೂ ಹೀಗೆ ವಿಶಾಲವಾದ ನೀರು ಸಿಕ್ಕಂತಾಯಿತು.

ಗುರುವರ್ಯರೇ,

1969ರಲ್ಲಿ ದೇಶದ ಮೊದಲ ಮೀನುಗಾರಿಕಾ ಕಾಲೇಜು ನಮ್ಮ ಮಂಗಳೂರಿನಲ್ಲೇ ಆರಂಭವಾಯಿತು. ಹೆಸರಘಟ್ಟದಲ್ಲಿ ಮೀನಿನ ಸಂಶೋಧನೆಯ ಕೇಂದ್ರವಿದೆ. ಅಲ್ಲಿ ಓದಿದವರು ಮೀನಿನ ಮೈಯ ಲೋಳೆಯನ್ನು ಒಂದಿಷ್ಟು ಕೆರೆದು, ಗಾಜಿನ ಪಟ್ಟಿಯ ಮೇಲೆ ಸವರಿ, ಸೂಕ್ಷ್ಮದರ್ಶಕದಡಿ ಗಂಟೆಗಟ್ಟಲೆ ಬಗ್ಗಿ ನೋಡಿ, ಮೊದಲು ನೀರನ್ನು ಪರೀಕ್ಷಿಸಿ, ಆಮೇಲೆ ಮೀನನ್ನು ಪರೀಕ್ಷಿಸಿ, ಕೊನೆಗೆ ಬೇಕಿದ್ದರೆ ಮಾತ್ರ ಔಷಧದ ಮಾತಾಡುತ್ತಾರಂತೆ. ತಾವು ಈ ಕ್ರಮವನ್ನು ಪೂರ್ತಿ ತಿರುಗಿಸಿ, ಮೊದಲು ಔಷಧ, ಆಮೇಲೆ ಮೀನು, ಕೊನೆಗೆ ನೀರು ಎಂಬ ಹೊಸ ಪರಂಪರೆಯನ್ನು ಸ್ಥಾಪಿಸಿದಿರಿ. ಆ ಪರಂಪರೆ ತಮ್ಮಲ್ಲಿಗೇ ನಿಲ್ಲದಿರಲೆಂದು ಎಳೆಯ ತಲೆಮಾರನ್ನೂ ತಯಾರು ಮಾಡುತ್ತಿದ್ದೀರಿ. "ಅಪ್ಪಾ, ಮೀನು ಯಾಕೆ ಹೀಗೆ ಅಡ್ಡ ಬಿದ್ದಿದೆ?" ಎಂದು ಮಗಳು ಕೇಳಿದಾಗ "ಮಲಗಿದೆ ಪುಟ್ಟಿ, ಎಬ್ಬಿಸಬೇಡ" ಎಂದು ಲೈಟು ಆರಿಸಿ, ಬೆಳಗಾಗುವಷ್ಟರಲ್ಲಿ ಅದೇ ಬಣ್ಣದ ಇನ್ನೊಂದನ್ನು ತಂದು ಬಿಟ್ಟ ತಮ್ಮ ಶಿಕ್ಷಣಕ್ರಮದಿಂದ, ಮೀನಿಗೆ ಸಾವೇ ಇಲ್ಲವೆಂಬ ಪರಮಸತ್ಯ ಆ ಮಗುವಿಗೆ ಈಗಾಗಲೇ ಮನದಟ್ಟಾಗಿದೆ.

ಬರುವ ಭಾನುವಾರ ತಾವು ಡಿಸ್ಕಸ್ ಮೀನುಗಳ ಜೋಡಿಯೊಂದನ್ನು ತರಲು ಸಂಕಲ್ಪಿಸಿರುವ ಸುದ್ದಿ ತಿಳಿದು ನಮ್ಮ ಆನಂದ ಮೇರೆ ಮೀರಿದೆ. ಮೃದುವಾದ, ಅತಿ ಶುದ್ಧವಾದ, 28 ಡಿಗ್ರಿಗೆ ಕಡಿಮೆಯಾಗದ ನೀರು ಬೇಕೆಂದು ಹಟ ಹಿಡಿಯುವ, ಸಿಹಿನೀರಿನ ತೊಟ್ಟಿಗಳ ರಾಜನೆಂದೇ ಹೆಸರಾದ ಆ ದುಬಾರಿ ಮೀನನ್ನು ಗಡಸು ಬೋರ್‌ವೆಲ್ ನೀರು, ನೀಲಿ ಅಂಟು, ಬೆಳಗುವ ದೀಪ ಇವುಗಳೊಂದಿಗೆ ತಾವು ಬರಮಾಡಿಕೊಳ್ಳುವ ಶುಭಗಳಿಗೆಗೆ ನಾವೆಲ್ಲ ಸಾಕ್ಷಿಯಾಗಲಿದ್ದೇವೆ. ಕಂಡ ಕಂಡ ಮೀನುಗಳಿಗೆಲ್ಲ ಭೇದವಿಲ್ಲದೆ ಸಂದ ತಮ್ಮ ಕೈಗುಣ ಆ ಜೋಡಿಗೂ ಬೇಗನೆ ಸಲ್ಲಲಿ, ಅಂಗಡಿಯವನ ಮಗನ ಓದು ತಮ್ಮಿಂದಾಗಿ ನಿರ್ವಿಘ್ನವಾಗಿ ಸಾಗಲಿ ಎಂದು ಹಾರೈಸುತ್ತ, ಶಾಲು, ಫಲತಾಂಬೂಲ ಮತ್ತು ಒಂದು ಲೀಟರಿನ ದೊಡ್ಡ ನೀಲಿ ಸೀಸೆಯೊಂದಿಗೆ ಈ ಬಿನ್ನವತ್ತಳೆಯನ್ನು ಭಕ್ತಿಪೂರ್ವಕವಾಗಿ ಅರ್ಪಿಸುತ್ತೇವೆ.

ಇಂತು,
ತಮ್ಮ ಕೈಗುಣವನ್ನು ಕಣ್ಣಾರೆ ಕಂಡ ನೆರೆಹೊರೆಯವರು